ಮೇ ತಿಂಗಳ ಧಾರೆಗೆ ಸೆಟ್ಟಿಂಗ್ ಸ್ಪ್ರೇ

ಪ್ರೀತಿಯ ಅಕ್ಕ,

ನಮ್ಮೂರು ಕುಂದಾಪುರದ ಹತ್ತಿರ. ಮೇ ಎರಡನೇ ವಾರ ನನ್ನ ಮದುವೆ. ಮುಹೂರ್ತ ಹನ್ನೊಂದೂವರೆಗೆ, ಹಾಲ್‌ಗೆ ಎ.ಸಿ. ಇಲ್ಲ. ನನ್ನದು ಎಣ್ಣೆಗಪ್ಪು ಮೈಬಣ್ಣ, ಬೆವರೂ ಜಾಸ್ತಿ. ನಿಶ್ಚಿತಾರ್ಥದ ದಿನ ಪಾರ್ಲರ್‌ನಲ್ಲಿ ಮಾಡಿಸಿಕೊಂಡ ಮೇಕಪ್ ಊಟದ ಹೊತ್ತಿಗೆ ಕೆನ್ನೆಯ ಮೇಲೆ ಗೆರೆಗೆರೆಯಾಗಿ ಇಳಿದಿತ್ತು. ಫೋಟೋದಲ್ಲಿ ಮುಖ ಬೂದಿ ಬಳಿದ ಹಾಗಿದೆ, ಕುತ್ತಿಗೆ ಬೇರೆಯೇ ಬಣ್ಣ. ಗಂಡಿನ ಕಡೆಯ ಹೆಂಗಸೊಬ್ಬರು ‘ಹುಡುಗಿಯ ನಿಜ ಬಣ್ಣ ಈಗ ಕಂಡಿತು’ ಅಂದದ್ದು ನನ್ನ ಕಿವಿಗೇ ಬಿತ್ತು. ಆ ಆಲ್ಬಂ ನಾನು ಮತ್ತೆ ತೆರೆದು ನೋಡಿಲ್ಲ. ಈ ಸಲ ಸೆಟ್ಟಿಂಗ್ ಸ್ಪ್ರೇ ಚೆನ್ನಾಗಿ ಹೊಡೆದುಬಿಡುತ್ತೇನೆ, ರಾತ್ರಿಯವರೆಗೂ ಅಲುಗಾಡುವುದಿಲ್ಲ ಎಂದು ಪಾರ್ಲರ್‌ನವರು ಹೇಳುತ್ತಿದ್ದಾರೆ. ಅದು ತಲೆಕೂದಲಿಗೆ ಹೊಡೆಯುವಂಥದ್ದೇ, ಮುಖ ಕೆಟ್ಟುಹೋಗುತ್ತದೆ ಎಂದು ಅಮ್ಮ ಹೆದರಿಸುತ್ತಾರೆ. ನನಗೆ ಚಿಕ್ಕಂದಿನಿಂದ ಉಬ್ಬಸ ಬೇರೆ ಇದೆ. ಅಪ್ಪ ಇಲ್ಲ, ಧಾರೆ ಎರೆದು ಕೊಡುವವರು ದೊಡ್ಡಪ್ಪ. ಆ ಹೊತ್ತಿಗೆ ನಾನು ಅಳದೆ ಇರಲಾರೆ. ಸ್ಪ್ರೇ ಯಾವಾಗ, ಹೇಗೆ, ಎಷ್ಟು ಹೊಡೆಯಬೇಕು? ಹೊಡೆಯಲೇಬೇಕೆ?

– ಹೆಸರು ಬೇಡ, ಕುಂದಾಪುರ

ಪ್ರೀತಿಯ ತಂಗಿ,

ನಿನ್ನ ಪತ್ರದಲ್ಲಿ ಸ್ಪ್ರೇಯ ಬಗ್ಗೆ ಇರುವುದು ಕೊನೆಯ ನಾಲ್ಕು ಸಾಲು. ಮೊದಲ ಅರ್ಧದಲ್ಲಿ ಇರುವುದು ಬಣ್ಣದ ಸಂಗತಿ. ನಾನೂ ಅದೇ ಕ್ರಮದಲ್ಲಿ ಹೋಗುತ್ತೇನೆ, ಏಕೆಂದರೆ ನಿಶ್ಚಿತಾರ್ಥದ ದಿನ ಆದದ್ದಕ್ಕೆ ಸ್ಪ್ರೇ ಹೊಡೆಯದೆ ಇದ್ದದ್ದು ಕಾರಣವೇ ಅಲ್ಲ.

ನಿನ್ನ ಮುಖಕ್ಕೆ ನಿನ್ನದಕ್ಕಿಂತ ತಿಳಿಯಾದ ಫೌಂಡೇಶನ್ ಹಚ್ಚಿದ್ದಾರೆ. ಬೂದಿ ಬಳಿದ ಹಾಗೆ ಎಂದು ನೀನು ಬರೆದ ಮಾತೇ ಅದಕ್ಕೆ ಸಾಕ್ಷಿ. ಫೌಂಡೇಶನ್‌ಗೆ ಬಣ್ಣ ಬರುವುದು ಹಳದಿ, ಕೆಂಪು, ಕಪ್ಪು ಕಬ್ಬಿಣದ ಆಕ್ಸೈಡುಗಳಿಂದ. ಅದನ್ನು ತಿಳಿಯಾಗಿಸುವುದು ಟೈಟಾನಿಯಂ ಡೈಆಕ್ಸೈಡ್ ಎಂಬ ಬಿಳಿ ಪುಡಿ. ಶೇಡ್ ತಿಳಿಯಾದಷ್ಟೂ ಆ ಬಿಳಿಯ ಪಾಲು ಹೆಚ್ಚು. ಕಪ್ಪು ಮೈಬಣ್ಣದ ಮೇಲೆ ಬಿಳಿ ಪುಡಿಯ ತೆಳು ಪದರ ಕೂತರೆ ಕಣ್ಣಿಗೆ ಕಾಣುವುದು ಬೂದು. ಅದರ ಮೇಲೆ ಸಿಲಿಕಾ ಇರುವ ಬಿಳಿಯ ಪೌಡರ್ ಒತ್ತಿದ್ದರಂತೂ ಕ್ಯಾಮೆರಾದ ಫ್ಲ್ಯಾಷ್ ಬಿದ್ದಾಗ ಮುಖ ಇನ್ನಷ್ಟು ಬೆಳ್ಳಗೆ ಹೊಡೆಯುತ್ತದೆ. ಬೆವರು ಇಳಿದ ಕಡೆ ನಿನ್ನ ಚರ್ಮದ ಬಣ್ಣ, ಪಕ್ಕದಲ್ಲಿ ಆ ಬೂದು. ಗೆರೆ ಕಂಡದ್ದು ಹಾಗೆ. ನಿನ್ನ ಬಣ್ಣಕ್ಕೆ ಸರಿಹೊಂದುವ ಫೌಂಡೇಶನ್ ಆಗಿದ್ದಿದ್ದರೆ ಅಷ್ಟೇ ಬೆವರು ಇಳಿದರೂ ಗೆರೆ ಅಷ್ಟು ಎದ್ದು ಕಾಣುತ್ತಿರಲಿಲ್ಲ, ಏಕೆಂದರೆ ಒಳಗಿನದೂ ಹೊರಗಿನದೂ ಒಂದೇ ಬಣ್ಣ.

ಆದ್ದರಿಂದ ಎಷ್ಟು ದುಬಾರಿ ಸ್ಪ್ರೇ ತಂದರೂ ಆ ತಪ್ಪು ಶೇಡ್ ಸರಿಯಾಗುವುದಿಲ್ಲ. ಸ್ಪ್ರೇ ತನ್ನ ಕೆಳಗೆ ಏನಿದೆಯೋ ಅದನ್ನು ಹಾಗೆಯೇ ಹಿಡಿದಿಡುತ್ತದೆ. ಬೂದು ಮುಖವಿದ್ದರೆ ಬೂದು ಮುಖವನ್ನೇ ರಾತ್ರಿಯವರೆಗೆ ಹಿಡಿದಿಟ್ಟೀತು.

ಪಾರ್ಲರ್‌ಗೆ ಹೋಗಿ ಒಂದು ಮಾತು ಸ್ಪಷ್ಟವಾಗಿ ಹೇಳು: ‘ನನ್ನನ್ನು ಬೆಳ್ಳಗೆ ಮಾಡಬೇಡಿ, ನನ್ನ ಕುತ್ತಿಗೆಯ ಬಣ್ಣಕ್ಕೆ ಹೊಂದಿಸಿ.’ ನಾಚಿಕೆ, ಸಂಕೋಚ ಬೇಡ. ದುಡ್ಡು ಕೊಡುವವಳು ನೀನು. ಎರಡು ಮೂರು ಶೇಡ್‌ಗಳನ್ನು ದವಡೆಯ ಅಂಚಿನಲ್ಲಿ, ಕುತ್ತಿಗೆಗೆ ತಾಗುವ ಹಾಗೆ ಸಣ್ಣ ಗೆರೆಗಳಾಗಿ ಹಚ್ಚಿಸಿಕೋ. ಪಾರ್ಲರ್‌ನ ಟ್ಯೂಬ್‌ಲೈಟಿನಲ್ಲಿ ನೋಡಿ ತೀರ್ಮಾನಿಸಬೇಡ. ಹೊರಗೆ ಹಗಲು ಬೆಳಕಿಗೆ ಬಂದು ನೋಡು. ಹಚ್ಚಿದ ತಕ್ಷಣವೂ ಬೇಡ, ಇಪ್ಪತ್ತು ನಿಮಿಷ ಬಿಟ್ಟು ನೋಡು. ಚರ್ಮದ ಎಣ್ಣೆಯೊಡನೆ ಬೆರೆತ ಮೇಲೆ ಕೆಲವು ಫೌಂಡೇಶನ್‌ಗಳು ಒಂದಿಷ್ಟು ಕಪ್ಪಾಗುತ್ತವೆ. ಯಾವ ಗೆರೆ ಎಲ್ಲಿ ಹಚ್ಚಿದ್ದು ಎಂದು ಹುಡುಕಬೇಕಾಗುತ್ತದೋ ಅದೇ ನಿನ್ನದು. ಅರಿಶಿನ ಶಾಸ್ತ್ರ ಹಿಂದಿನ ದಿನ ಇದ್ದರೆ ಅದನ್ನೂ ಅವರಿಗೆ ಮೊದಲೇ ತಿಳಿಸು. ಅರಿಶಿನದ ಛಾಯೆ ಒಂದೆರಡು ದಿನ ಚರ್ಮದಲ್ಲಿ ಉಳಿಯುತ್ತದೆ, ಆರಿಸಿಟ್ಟ ಶೇಡ್ ಆ ದಿನ ಸ್ವಲ್ಪ ಬೇರೆಯಾಗಿ ಕಾಣಬಹುದು.

ಆ ಹೆಂಗಸು ಆಡಿದ ಮಾತಿನ ಬಗ್ಗೆಯೂ ಹೇಳಿಬಿಡುತ್ತೇನೆ. ಅದು ಕೆಟ್ಟ ಮಾತು. ಆದರೆ ಅವರಿಗೆ ಆ ಮಾತಿಗೆ ಆಸ್ಪದ ಕೊಟ್ಟದ್ದು ನಿನ್ನ ಬಣ್ಣವಲ್ಲ, ನಿನ್ನ ಬಣ್ಣವನ್ನು ಮುಚ್ಚಲು ಹೋದ ಕೈ. ನಿನ್ನನ್ನು ಒಪ್ಪಿದ ಹುಡುಗ ನಿನ್ನ ಮುಖ ನೋಡಿಯೇ ಒಪ್ಪಿದ್ದಾನೆ. ಧಾರೆಯ ದಿನ ಅದೇ ಮುಖ ಅವನೆದುರು ಕೂತಿರಲಿ.

ಇನ್ನು ಸ್ಪ್ರೇ. ಅಮ್ಮ ಹೇಳಿದ್ದರಲ್ಲಿ ಅರ್ಧ ಸತ್ಯವಿದೆ. ಮುಖದ ಸ್ಪ್ರೇಗೂ ಕೂದಲಿನ ಸ್ಪ್ರೇಗೂ ನೆಂಟಸ್ತಿಕೆ ಇರುವುದು ನಿಜ. ಎರಡರಲ್ಲೂ ಒಣಗಿದಾಗ ಕಣ್ಣಿಗೆ ಕಾಣದಷ್ಟು ತೆಳುವಾದ ಪೊರೆಯಾಗುವ ಪಾಲಿಮರ್‌ಗಳಿರುತ್ತವೆ. ಅವುಗಳಲ್ಲಿ ಹಳೆಯದು ಪಿವಿಪಿ. 1930ರ ದಶಕದಲ್ಲಿ ಜರ್ಮನಿಯ ರಸಾಯನಶಾಸ್ತ್ರಜ್ಞರು ತಯಾರಿಸಿದ್ದು. ಎರಡನೇ ಮಹಾಯುದ್ಧದಲ್ಲಿ ರಕ್ತ ಕಳೆದುಕೊಂಡ ಗಾಯಾಳುಗಳಿಗೆ ಪ್ಲಾಸ್ಮಾದ ಬದಲಿಗೆ ಅದನ್ನು ಕೊಟ್ಟದ್ದುಂಟು, ಆಮೇಲೆ 1950ರ ದಶಕದಲ್ಲಿ ಹೇರ್ ಸ್ಪ್ರೇ ಡಬ್ಬಿಗಳಿಗೆ ಬಂತು. ಹಾಗೆಂದು ಒಂದರ ಬದಲು ಇನ್ನೊಂದು ಬಳಸುವಂತಿಲ್ಲ. ಹೇರ್ ಸ್ಪ್ರೇ ಕೂದಲನ್ನು ಬಿಗಿಯಾಗಿ ನಿಲ್ಲಿಸಲು ಮಾಡಿದ್ದು. ಮುಖಕ್ಕೆ ಹೊಡೆದರೆ ಚರ್ಮ ಬಿಗಿದು ಒಣಗುತ್ತದೆ, ತುರಿಸುತ್ತದೆ, ಕಣ್ಣಿಗೆ ಬಿದ್ದರೆ ಉರಿ. ಖರ್ಚು ಉಳಿಸಲು ಅದನ್ನೇ ಮುಖಕ್ಕೂ ಹೊಡೆಯುವವರು ಈಗಲೂ ಅಲ್ಲಲ್ಲಿ ಇದ್ದಾರೆ. ಕೈಯಲ್ಲಿ ಆ ಡಬ್ಬಿ ಕಂಡರೆ ತಡೆದುಬಿಡು.

ಸೆಟ್ಟಿಂಗ್ ಸ್ಪ್ರೇ ಎಂದು ಅಂಗಡಿಯಲ್ಲಿ ಮಾರುವುದರಲ್ಲಿ ಎರಡು ಜಾತಿ ಬೆರೆತಿವೆ, ಹೆಸರು ನೋಡಿ ಬೇರ್ಪಡಿಸಲಾಗದು. ಒಂದು ಬಹುಪಾಲು ನೀರು, ಗ್ಲಿಸರಿನ್. ಇದು ಮುಖದ ಮೇಲೆ ಪೌಡರ್ ಪೌಡರಾಗಿ ಕಾಣುವುದನ್ನು ಕಳೆದು ಚರ್ಮದ ಹಾಗೆ ಕಾಣಿಸುತ್ತದೆ, ಹಿಡಿತ ಹೆಚ್ಚೇನಿಲ್ಲ. ಇನ್ನೊಂದರಲ್ಲಿ ಬೇಗ ಆರಲು ಆಲ್ಕೋಹಾಲ್, ಹಿಡಿತಕ್ಕೆ ಪಾಲಿಮರ್. ನಾಟಕ, ಸಿನಿಮಾದವರು ಮೊದಲಿನಿಂದ ಬಳಸುತ್ತ ಬಂದದ್ದು ಈ ಎರಡನೆಯದನ್ನು. ನಮ್ಮ ಬ್ಯೂಟಿಷಿಯನ್‌ಗಳ ಪೆಟ್ಟಿಗೆಯಲ್ಲಿ ಸಾಮಾನ್ಯವಾಗಿ ಕಾಣುವ ಕ್ರಯೋಲಾನ್ ಕೂಡ ರಂಗಭೂಮಿ, ಸಿನಿಮಾ ಮೇಕಪ್ಪಿನಿಂದ ಹೆಸರಾದ ಕಂಪನಿ, ಬರ್ಲಿನ್ ನಗರದಲ್ಲಿ 1945ರಲ್ಲಿ ಶುರುವಾದದ್ದು. ಬಾಟಲಿಯ ಹಿಂಬದಿ ಓದು. ಯಾವುದು ಹೆಚ್ಚಿದೆಯೋ ಅದರ ಹೆಸರು ಮೊದಲು ಬರುತ್ತದೆ. ನೀರಿನ ಹಿಂದೆಯೇ ಆಲ್ಕೋಹಾಲ್ ಡಿನ್ಯಾಟ್ ಎಂದಿದ್ದು, ಮುಂದೆ ಅಕ್ರಿಲೇಟ್ಸ್ ಕೋಪಾಲಿಮರ್, ವಿಪಿ/ವಿಎ ಕೋಪಾಲಿಮರ್ ಅಥವಾ ಪಿವಿಪಿ ಎಂದಿದ್ದರೆ ಅದು ಹಿಡಿಯುವ ಜಾತಿ. ಪಿವಿಪಿ ನೀರಿನಲ್ಲಿ ಕರಗುವಂಥದ್ದು; ಬೆವರು ಜಾಸ್ತಿ ಇರುವವರಿಗೆ ಅಕ್ರಿಲೇಟ್ ಇರುವುದು ವಾಸಿ. ಬ್ಯಾಚ್ ಸಂಖ್ಯೆ, ತಯಾರಿಕೆಯ ಪರವಾನಗಿ ಸಂಖ್ಯೆ, ಬಳಸುವ ಕೊನೆಯ ದಿನಾಂಕ ಇಲ್ಲದ ಬಾಟಲಿಯನ್ನು ಎಷ್ಟೇ ಅಗ್ಗಕ್ಕೆ ಕೊಟ್ಟರೂ ಮುಟ್ಟಬೇಡ.

ರೋಜ್‌ವಾಟರ್‌ಗೆ ಗ್ಲಿಸರಿನ್ ಬೆರೆಸಿ ಮನೆಯಲ್ಲೇ ಮಾಡಿಕೊಳ್ಳಬಹುದು ಎಂದು ಯಾರಾದರೂ ಹೇಳಿಯೇ ಹೇಳುತ್ತಾರೆ. ಅದರಲ್ಲಿ ಪೊರೆಯಾಗುವಂಥದ್ದು ಏನೂ ಇಲ್ಲ. ಮುಖ ತಂಪಾಗುತ್ತದೆ, ಅಷ್ಟೇ. ನಮ್ಮ ಕರಾವಳಿಯ ಸೆಕೆಯಲ್ಲಿ ಗ್ಲಿಸರಿನ್ ಹೆಚ್ಚಾದರೆ ಮುಖ ಅಂಟಂಟು.

ಯಾವ ಸ್ಪ್ರೇಯೂ ಬೆವರನ್ನು ನಿಲ್ಲಿಸುವುದಿಲ್ಲ. ಬೆವರು ಒಳಗಿನಿಂದ ಬರುತ್ತದೆ, ಪೊರೆ ಇರುವುದು ಮೇಲೆ. ನಮ್ಮ ಗಾಳಿಯಲ್ಲಿ ತೇವ ತುಂಬಿರುವುದರಿಂದ ಬೆವರು ಆರದೆ ಚರ್ಮದ ಮೇಲೆಯೇ ನಿಂತು ಮೇಕಪ್ಪನ್ನು ಅಡಿಯಿಂದ ಎಬ್ಬಿಸುತ್ತದೆ. ಪದರ ದಪ್ಪವಾದಷ್ಟೂ ಬೇಗ ಏಳುತ್ತದೆ. ಆದ್ದರಿಂದ ಸೆಕೆಗೆ ಭಾರಿ ಮೇಕಪ್ ಬೇಕು ಎನ್ನುವುದು ತಲೆಕೆಳಗಾದ ಲೆಕ್ಕ. ಫೌಂಡೇಶನ್ ತೆಳುವಾಗಿರಲಿ, ಉಜ್ಜದೆ ಒದ್ದೆ ಸ್ಪಂಜಿನಿಂದ ಒತ್ತಿ ಒತ್ತಿ ಕೂರಿಸಲಿ. ಕಲೆ ಇರುವ ಕಡೆ ಮಾತ್ರ ಕನ್ಸೀಲರ್. ಪೌಡರ್ ಹಣೆ, ಮೂಗು, ಗಲ್ಲಕ್ಕೆ ಸಾಕು. ಬೆಳಿಗ್ಗೆ ಮುಖ ತೊಳೆದು ಹಗುರವಾದ ಮಾಯಿಶ್ಚರೈಸರ್ ಹಚ್ಚಿದ ಮೇಲೆ ಹತ್ತು ನಿಮಿಷ ಸುಮ್ಮನೆ ಕೂರು. ಅದು ಇಂಗುವ ಮೊದಲೇ ಪ್ರೈಮರ್ ಹಚ್ಚಿದರೆ ಮೇಲಿನದೆಲ್ಲ ಸುರುಳಿ ಸುರುಳಿಯಾಗಿ ಏಳುತ್ತದೆ. ನಸುಕಿನಲ್ಲಿ ಎಲ್ಲರಿಗೂ ಅವಸರವಿರುತ್ತದೆ, ಈ ಹತ್ತು ನಿಮಿಷವನ್ನೇ ಮೊದಲು ಕಡಿತ ಮಾಡುತ್ತಾರೆ. ಬಿಟ್ಟುಕೊಡಬೇಡ.

ಸ್ಪ್ರೇ ಎಲ್ಲಕ್ಕಿಂತ ಕೊನೆಗೆ. ಪೌಡರ್, ಬ್ಲಶ್, ಕಣ್ಣಿನ ಕೆಲಸ ಎಲ್ಲ ಮುಗಿದು, ಮಸ್ಕರಾ ಐಲೈನರ್ ಪೂರ್ತಿ ಒಣಗಿದ ಮೇಲೆ. ಹಸಿ ಮಸ್ಕರಾ ಮೇಲೆ ಹನಿ ಬಿದ್ದರೆ ಕಣ್ಣಿನ ಕೆಳಗೆ ಕಪ್ಪು ಇಳಿಯುತ್ತದೆ, ಮತ್ತೆ ಮೊದಲಿನಿಂದ ಶುರು. ಕೈ ಪಳಗಿದ ಕೆಲವರು ಫೌಂಡೇಶನ್ ಆದ ಕೂಡಲೇ ಒಂದು ತೆಳು ಸಲ, ಆರಿದ ಮೇಲೆ ಪೌಡರ್, ಕೊನೆಗೆ ಇನ್ನೊಂದು ಸಲ ಹೀಗೆ ಎರಡು ಹಂತದಲ್ಲಿ ಹೊಡೆಯುತ್ತಾರೆ. ಬೆವರುವ ಮುಖಕ್ಕೆ ಅದು ಒಳ್ಳೆಯ ಕ್ರಮ. ಮದುವೆಯ ದಿನ ಮೊದಲ ಸಲ ಮಾಡಿನೋಡುವುದು ಮಾತ್ರ ಬೇಡ.

ಬಾಟಲಿಯನ್ನು ಮುಖದಿಂದ ಒಂದು ಗೇಣಿಗಿಂತ ತುಸು ದೂರ, ಇಪ್ಪತ್ತೈದು ಸೆಂಟಿಮೀಟರ್ ಆಸುಪಾಸು ಹಿಡಿಯಬೇಕು. ಹತ್ತಿರದಿಂದ ಹೊಡೆದರೆ ದಪ್ಪ ಹನಿ ಬಿದ್ದು ಪೌಡರ್ ಮೇಲೆ ಚುಕ್ಕೆ ಚುಕ್ಕೆಯಾಗುತ್ತದೆ. ನೀನು ಕಣ್ಣು ಬಾಯಿ ಮುಚ್ಚಿ, ಉಸಿರು ಹಿಡಿದುಕೊಂಡಿರು. ಹಣೆಯ ಒಂದು ಬದಿಯಿಂದ ಗಲ್ಲದ ಇನ್ನೊಂದು ಬದಿಗೆ ಓರೆಯಾಗಿ ಒಮ್ಮೆ, ಅದಕ್ಕೆ ಅಡ್ಡಲಾಗಿ ಇನ್ನೊಮ್ಮೆ, ಹಣೆಗೆ ಅಡ್ಡ ಒಂದು, ಮೂಗಿನುದ್ದ ಒಂದು. ನಾಲ್ಕು ಸಲ ಒತ್ತಿದರೆ ಧಾರಾಳ. ಮುಖ ಮಂಜು ತಾಗಿದಷ್ಟು ಒದ್ದೆಯಾಗಬೇಕು, ನೀರು ಇಳಿಯುವಷ್ಟಲ್ಲ. ಆಮೇಲೆ ಒಂದು ನಿಮಿಷ ನಗಬೇಡ, ಮಾತಾಡಬೇಡ, ಮುಟ್ಟಬೇಡ. ಮೇ ತಿಂಗಳಲ್ಲಿ ಎರಡು ನಿಮಿಷ ಹಿಡಿದರೂ ಹಿಡಿಯಿತು. ಯಾರಾದರೂ ಬೀಸಣಿಗೆಯಿಂದ ಮೆಲ್ಲಗೆ ಗಾಳಿ ಹಾಕಲಿ. ಆರುವ ಮೊದಲು ಮುಖದ ಮಡಿಕೆಗಳು ಅಲುಗಿದರೆ ಪೊರೆ ಗೆರೆ ಬಿದ್ದೇ ಗಟ್ಟಿಯಾಗುತ್ತದೆ.

ಸೀರೆ ಮೊದಲೇ ಉಟ್ಟಿದ್ದರೆ ಕುತ್ತಿಗೆಯಿಂದ ಕೆಳಗೆ ಬೈರಾಸು ಹೊದೆಸಿಕೋ. ರೇಷ್ಮೆಯ ಮೇಲೆ ಬಿದ್ದ ಹನಿ ಕಲೆಯಾದೀತು. ಮುತ್ತಿನ ಸರವನ್ನು ಸ್ಪ್ರೇ ಆರಿದ ಮೇಲೆ ಹಾಕಿಕೋ, ಆಲ್ಕೋಹಾಲ್ ಮುತ್ತಿನ ಹೊಳಪನ್ನು ಕೆಡಿಸುತ್ತದೆ. ಮಲ್ಲಿಗೆ ಮುಡಿಯುವುದೂ ಆಮೇಲೆ. ಬಾಸಿಂಗ ಕಟ್ಟುವ ಪದ್ಧತಿ ಇದ್ದರೆ ದಾರ ಬರುವ ಕಡೆ ಬೆವರು ನಿಲ್ಲುತ್ತದೆ, ಅಲ್ಲಿ ಫೌಂಡೇಶನ್ ಹೆಚ್ಚು ಬೇಡ. ಬಿಂದಿ ಅಂಟಿಸುವ ಜಾಗವನ್ನು ಬರಿದಾಗಿ ಬಿಟ್ಟರೆ ಅದು ಜಾರದೆ ನಿಲ್ಲುತ್ತದೆ.

ಬೆಂಕಿಯ ವಿಷಯದಲ್ಲಿ ನನ್ನ ಮಾತನ್ನು ಅಮ್ಮನಿಗೂ ಗೆಳತಿಯರಿಗೂ ಓದಿ ಹೇಳು. ಆಲ್ಕೋಹಾಲ್ ಇರುವ ಸ್ಪ್ರೇ ಹೊತ್ತಿಕೊಳ್ಳುತ್ತದೆ. ಅಲಂಕಾರದ ಕೋಣೆಯಲ್ಲಿ ದೀಪ, ಊದುಬತ್ತಿ ಉರಿಯುತ್ತಿದ್ದರೆ ಆ ಹೊತ್ತಿಗೆ ಹೊರಗಿಡಿ. ಹೋಮದ ಮುಂದೆ ಕೂತವಳಿಗೆ ಟಚ್‌ಅಪ್ ಎಂದು ಯಾರೂ ಬಾಟಲಿ ಹಿಡಿದುಕೊಂಡು ಬರಬಾರದು, ಫೋಟೋಗ್ರಾಫರ್ ಹೇಳಿದರೂ ಬರಬಾರದು. ಡಬ್ಬಿಯನ್ನು ಬಿಸಿಲಲ್ಲಿ ನಿಲ್ಲಿಸಿದ ಕಾರಿನಲ್ಲಿ ಬಿಡುವುದೂ ಅಪಾಯ.

ಉಬ್ಬಸದ ಬಗ್ಗೆ ನೀನು ಹೆದರಿದ್ದು ಸರಿಯಾಗಿಯೇ ಇದೆ. ಸಣ್ಣ ಹನಿಯೂ ಘಮವೂ ಕೆಲವರಿಗೆ ಉಸಿರು ಕಟ್ಟಿಸುತ್ತವೆ. ನಿನಗೆ ಸುವಾಸನೆ ಬೆರೆಸದ, ಕೈಯಿಂದ ಒತ್ತುವ ಪಂಪ್ ಬಾಟಲಿಯೇ ಆಗಬೇಕು, ಗ್ಯಾಸ್ ತುಂಬಿದ ಡಬ್ಬಿ ಬೇಡ. ಕಿಟಕಿ ತೆರೆದಿರಲಿ. ಅದಕ್ಕಿಂತ ಒಳ್ಳೆಯದು, ಮುಖಕ್ಕೆ ಹೊಡೆಸಿಕೊಳ್ಳುವುದೇ ಬೇಡ: ನಿನ್ನಿಂದ ದೂರ ನಿಂತು ಸ್ಪಂಜಿಗೆ ಹೊಡೆದು, ಆ ಸ್ಪಂಜಿನಿಂದ ಮುಖಕ್ಕೆ ಮೆಲ್ಲಗೆ ಒತ್ತಲಿ. ಹಿಡಿತ ಸ್ವಲ್ಪ ಕಡಿಮೆಯಾದೀತು, ಉಸಿರಿಗಿಂತ ಅದು ದೊಡ್ಡದಲ್ಲ. ಹೋಮದ ಹೊಗೆಯೂ ಇರುತ್ತದಲ್ಲ, ಇನ್‌ಹೇಲರ್ ನಿನ್ನ ಪಕ್ಕ ನಿಲ್ಲುವ ಗೆಳತಿಯ ಕೈಯಲ್ಲೇ ಇರಲಿ, ಮನೆಯ ಪೆಟ್ಟಿಗೆಯಲ್ಲಿ ಅಲ್ಲ. ಮದುವೆಗೆ ಮೊದಲು ಒಮ್ಮೆ ನಿನ್ನ ಡಾಕ್ಟರನ್ನು ಕಂಡು ಸ್ಪ್ರೇ, ಹೊಗೆ ಎರಡರ ವಿಷಯವನ್ನೂ ಹೇಳಿಬಿಡು.

ಚರ್ಮಕ್ಕೆ ಆಗುತ್ತದೋ ಇಲ್ಲವೋ ಎಂದು ಮೊದಲೇ ನೋಡಬೇಕು. ಪಾರ್ಲರ್‌ನವರು ಯಾವ ಸ್ಪ್ರೇ ಬಳಸುತ್ತಾರೋ ಅದರದ್ದೇ ಒಂದು ಬಾಟಲಿ ಈಗಲೇ ತಂದು, ಮೊಣಕೈಯ ಒಳಮಡಿಕೆಗೆ ದಿನಕ್ಕೆರಡು ಸಲ ಏಳರಿಂದ ಹತ್ತು ದಿನ ಹಚ್ಚಿ ನೋಡು. ಕೆಂಪಾಗದೆ, ತುರಿಸದೆ ಇದ್ದರೆ ಮುಖಕ್ಕೆ ಬಳಸಲು ಅಡ್ಡಿಯಿಲ್ಲ. ಮೊಡವೆ ಒಡೆದಿರುವಾಗ, ಚರ್ಮ ಬಿರುಕು ಬಿಟ್ಟಿರುವಾಗ ಆಲ್ಕೋಹಾಲ್ ಉರಿಯುತ್ತದೆ. ಮದುವೆಯ ಹಿಂದಿನ ದಿನ ಬ್ಲೀಚ್, ಫೇಶಿಯಲ್, ತುಟಿಯ ಮೇಲಿನ ಥ್ರೆಡ್ಡಿಂಗ್ ಮಾಡಿಸಿಕೊಂಡು ಮರುದಿನ ಸ್ಪ್ರೇ ಹೊಡೆಸಿಕೊಂಡವರು ಉರಿಯಿಂದ ಕಣ್ಣೀರಿಟ್ಟದ್ದು ಎಲ್ಲ ಬ್ಯೂಟಿಷಿಯನ್‌ಗಳಿಗೂ ಗೊತ್ತಿರುವ ಸಂಗತಿ. ಬ್ಲೀಚು ನಿನಗೆ ಬೇಡವೇ ಬೇಡ. ಫೇಶಿಯಲ್ ಮಾಡಿಸುವುದಿದ್ದರೆ ಒಂದು ವಾರ ಮೊದಲೇ ಮುಗಿಸು, ಥ್ರೆಡ್ಡಿಂಗ್ ಮೂರು ದಿನ ಮೊದಲು.

ಮಂಟಪದಲ್ಲಿ ಬೆವರಿದಾಗ ಏನು ಮಾಡಬೇಕು? ಒರೆಸಬಾರದು. ಟಿಶ್ಯೂ ಮಡಿಸಿ ಬೆವರಿನ ಮೇಲೆ ಒತ್ತಿ, ಹೀರಿಕೊಂಡ ಮೇಲೆ ಎತ್ತಬೇಕು. ಹೊಳಪು ಇನ್ನೂ ಇದ್ದರೆ ತುಸು ಪೌಡರ್. ಬೆವರಿನ ಮೇಲೆಯೇ ಮತ್ತೆ ಸ್ಪ್ರೇ ಹೊಡೆದರೆ ನಿಶ್ಚಿತಾರ್ಥದ ದಿನದ ಗೆರೆಗಳೇ ತಿರುಗಿ ಬರುತ್ತವೆ. ಮೊದಲು ಹೀರಿಸು, ಆಮೇಲೆ ಮಾತ್ರ, ಹೋಮದಿಂದ ದೂರವಿದ್ದಾಗ, ಸ್ಪ್ರೇ ತಾಗಿಸಿದ ಸ್ಪಂಜು. ದಿನಕ್ಕೆ ಎರಡು ಸಲಕ್ಕಿಂತ ಹೆಚ್ಚು ಬೇಡ. ಈ ಕೆಲಸಕ್ಕೆ ಒಬ್ಬಳೇ ಒಬ್ಬಳನ್ನು ಗೊತ್ತುಮಾಡು; ಅಕ್ಕತಂಗಿಯರೆಲ್ಲ ಒಬ್ಬೊಬ್ಬರಾಗಿ ಬಂದು ಕರವಸ್ತ್ರದಿಂದ ಮುಖ ಒರೆಸಿದರೆ ಯಾವ ಮೇಕಪ್ಪೂ ಉಳಿಯದು.

ಸಂಜೆ ಆರತಕ್ಷತೆ ಇದ್ದರೆ ಬೆಳಗಿನದರ ಮೇಲೆ ಇನ್ನೊಂದು ಪದರ ಹಾಕಿಸಿಕೊಳ್ಳಬೇಡ. ಪೂರ್ತಿ ತೆಗೆದು, ಅರ್ಧ ಗಂಟೆ ಮುಖಕ್ಕೆ ಗಾಳಿಯಾಡಲು ಬಿಟ್ಟು, ಹೊಸದಾಗಿ ಮಾಡಿಸಿಕೋ. ಸ್ಪ್ರೇಯ ಅಕ್ರಿಲೇಟ್ ಪೊರೆ ಬರೀ ನೀರಿಗೆ ಹೋಗುವುದಿಲ್ಲ, ಎಣ್ಣೆ ಬೇಕು. ನಮ್ಮ ಯಕ್ಷಗಾನ ಕಲಾವಿದರು ಇಡೀ ರಾತ್ರಿ ಕುಣಿದು ಬಂದು ಚೌಕಿಯಲ್ಲಿ ಬಣ್ಣ ತೆಗೆಯುವುದು ತೆಂಗಿನೆಣ್ಣೆಯಿಂದಲೇ. ನಿನಗೂ ಅದು ಆದೀತು. ಮೊಡವೆ ಏಳುವ ಮುಖವಾದರೆ ಕ್ಲೆನ್ಸಿಂಗ್ ಆಯಿಲ್ ವಾಸಿ. ಯಾವುದಾದರೂ ಉಜ್ಜದೆ ಕರಗಿಸಿ, ಹತ್ತಿಯಿಂದ ತೆಗೆದು, ಆಮೇಲೆ ಫೇಸ್‌ವಾಶ್ ಹಾಕಿ ತೊಳೆದುಬಿಡು. ರಾತ್ರಿ ಎಷ್ಟೇ ಸುಸ್ತಾಗಿದ್ದರೂ ಹಾಗೆಯೇ ಮಲಗಬೇಡ.

ಅಳುವಿನ ಬಗ್ಗೆಯೂ ಬರೆದಿದ್ದೀಯ. ಅಪ್ಪ ಇರಬೇಕಾದ ಜಾಗದಲ್ಲಿ ದೊಡ್ಡಪ್ಪ ನಿಂತಾಗ ಕಣ್ಣು ತುಂಬುತ್ತದೆ, ತುಂಬಲಿ. ಆ ಹೊತ್ತಿನಲ್ಲಿ ಕೆನ್ನೆಯ ಬಣ್ಣದ ಚಿಂತೆ ನಿನಗೆ ಬೇಡ. ನೀರಿಗೆ ಅಂಜದ ಮಸ್ಕರಾ, ಐಲೈನರ್ ಇರಲಿ, ಕೆಳರೆಪ್ಪೆಗೆ ಕಾಜಲ್ ಬೇಡ ಎಂದು ಮೊದಲೇ ಹೇಳಿಡು. ಟಿಶ್ಯೂವಿನ ಮೂಲೆಯನ್ನು ಕಣ್ಣಿನ ಕೆಳಗೆ ಹಿಡಿದರೆ ನೀರು ತಾನೇ ಅದಕ್ಕೆ ಇಳಿಯುತ್ತದೆ, ಕೆನ್ನೆಗೆ ಹರಿಯುವುದಿಲ್ಲ. ಹರಿದರೂ, ಬಣ್ಣ ನಿನ್ನದೇ ಆಗಿದ್ದರೆ, ಅಲ್ಲಿ ಕಾಣುವುದು ಕಣ್ಣೀರು ಮಾತ್ರ.

ಹೊಡೆಯಲೇಬೇಕೆ ಎಂಬ ಪ್ರಶ್ನೆಗೆ ಉತ್ತರ: ಹೊಡೆಯಲೇಬೇಕೆಂದಿಲ್ಲ. ಸರಿಯಾದ ಶೇಡ್, ತೆಳುವಾದ ಪದರ, ಜೊತೆಗೆ ಟಿಶ್ಯೂ ಹಿಡಿದ ಒಬ್ಬ ಗೆಳತಿ ಇದ್ದರೆ ಮುಹೂರ್ತ ದಾಟುತ್ತದೆ. ನಿನ್ನ ಚರ್ಮಕ್ಕೂ ಉಸಿರಿಗೂ ಒಗ್ಗಿದರೆ ಸ್ಪ್ರೇ ಒಂದೆರಡು ಗಂಟೆ ಹೆಚ್ಚು ತಾಳಿಕೆ ಕೊಡುತ್ತದೆ, ಆಗ ಧೈರ್ಯವಾಗಿ ಬಳಸು. ಪಾರ್ಲರ್‌ನವರ ಹತ್ತಿರ ಈ ತಿಂಗಳೇ ಒಂದು ಟ್ರಯಲ್ ಮಾಡಿಸು. ಬೆಳಿಗ್ಗೆ ಹಚ್ಚಿಸಿಕೊಂಡು, ಮಧ್ಯಾಹ್ನದವರೆಗೆ ಅಡುಗೆ ಮನೆಯಲ್ಲಿ ಅಮ್ಮನ ಜೊತೆ ಕೆಲಸ ಮಾಡಿ, ಹಗಲು ಬೆಳಕಿನಲ್ಲೂ ಫ್ಲ್ಯಾಷ್ ಹಾಕಿಯೂ ಫೋಟೋ ತೆಗೆಸಿಕೊಂಡು ನೋಡು. ಮುಖವೂ ಕುತ್ತಿಗೆಯೂ ಒಂದೇ ಬಣ್ಣದಲ್ಲಿ ಕಂಡರೆ ಅವರನ್ನೇ ಇಟ್ಟುಕೋ. ಮತ್ತೆ ಬೆಳ್ಳಗೆ ಮಾಡಿ ಕಳುಹಿಸಿದರೆ ಮುಂಗಡ ಹೋದರೂ ಸರಿ, ಬೇರೆ ಪಾರ್ಲರ್ ಹುಡುಕು.